ಕೆರೆಗೆ ಕಾರ್ಖಾನೆಯ ಕೊಳೆನೀರು: ಬಿದ್ದುಹೋಗದಂತೆ ದೂರು ಕೊಡುವುದು ಹೇಗೆ?

ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಪಲ್ಪಿಂಗ್ ಜೋರಾಗುವ ಡಿಸೆಂಬರ್ ಹೊತ್ತಿಗೆ ಹಾಸನ, ಚಿಕ್ಕಮಗಳೂರು ಜಿಲ್ಲೆಗಳ ಕೆಲವು ಹಳ್ಳಗಳ ನೀರು ಕಂದುಬಣ್ಣಕ್ಕೆ ತಿರುಗಿ ಹುಳಿವಾಸನೆ ಹೊಡೆಯುತ್ತದೆ. ಉಳಿದ ತಿಂಗಳುಗಳಲ್ಲಿ ಕೈಗಾರಿಕಾ ಪ್ರದೇಶಗಳ ಮೋರಿಗಳ ಸರದಿ. ದೂರು ಕೊಡುವವರಿಗೆ ಬರವಿಲ್ಲ. ಆದರೆ ಬಹಳಷ್ಟು ದೂರುಗಳು ನೀರಿನ ಮಾದರಿ ತೆಗೆಯುವ ಹಂತದಲ್ಲೇ ಸೋಲುವುದನ್ನು ಕಂಡು ಈ ವಿವರಗಳನ್ನು ಬರೆಯಬೇಕೆನಿಸಿತು.

ಮೊದಲು ಕೆರೆ ಯಾವ ಕಾನೂನಿನಡಿ ಬರುತ್ತದೆಂದು ತಿಳಿದುಕೊಳ್ಳಿ. 2017ರ ಜೌಗು ಪ್ರದೇಶ ಸಂರಕ್ಷಣಾ ನಿಯಮಗಳು ಹೊಸ ಕೈಗಾರಿಕೆಯನ್ನೂ ಶುದ್ಧೀಕರಿಸದ ತ್ಯಾಜ್ಯನೀರನ್ನೂ ನಿಷೇಧಿಸುತ್ತವೆ ನಿಜ; ಆದರೆ ನೀರಾವರಿಗೆಂದೇ ಅಥವಾ ಕುಡಿಯುವ ನೀರಿಗೆಂದೇ ಕಟ್ಟಿದ ಕೆರೆಗಳನ್ನು ಅವು ವ್ಯಾಖ್ಯೆಯಿಂದಲೇ ಹೊರಗಿಟ್ಟಿವೆ. ಆದ್ದರಿಂದ ಸಖರಾಯಪಟ್ಟಣದ ಅಯ್ಯನಕೆರೆಯಂಥ ನೀರಾವರಿ ಕೆರೆಗೆ ಆ ನಿಯಮವೊಂದನ್ನೇ ನೆಚ್ಚಿಕೊಂಡರೆ ಎದುರು ವಕೀಲರಿಗೆ ಕೆಲಸ ಸುಲಭವಾಗುತ್ತದೆ. ರಾಮ್‌ಸರ್ ಪಟ್ಟಿಯ (ಅಂತರರಾಷ್ಟ್ರೀಯ ಮಹತ್ವದ ಜೌಗು ಪ್ರದೇಶಗಳ ಪಟ್ಟಿ) ಮಾತೂ ಅಷ್ಟೆ: ಆ ಪಟ್ಟಿ ಸೇರಿದ ರಂಗನತಿಟ್ಟು, ಅಂಕಸಮುದ್ರ, ಮಾಗಡಿ ಕೆರೆ, ಅಘನಾಶಿನಿ ಇವುಗಳಲ್ಲಿ ಒಂದೂ ನಮ್ಮ ಎರಡು ಜಿಲ್ಲೆಗಳಿಗೆ ಸೇರಿಲ್ಲ. ನಿಮ್ಮ ದೂರು 1974ರ ಜಲ ಮಾಲಿನ್ಯ ಕಾಯ್ದೆಯ ಮೇಲೆ ನಿಲ್ಲಲಿ. ನೈಸರ್ಗಿಕವಾಗಲಿ, ಮನುಷ್ಯ ಕಟ್ಟಿದ್ದಾಗಲಿ, ಎಲ್ಲ ಒಳನಾಡು ಜಲಮೂಲಗಳೂ ಅದರ ವ್ಯಾಪ್ತಿಗೆ ಬರುತ್ತವೆ. 24ನೇ ಕಲಮು ಮಲಿನ ವಸ್ತು ಬಿಡುವುದನ್ನು ನಿಷೇಧಿಸಿದರೆ, 25ನೇ ಕಲಮು ಮಾಲಿನ್ಯ ನಿಯಂತ್ರಣ ಮಂಡಳಿಯ ಸಮ್ಮತಿಯಿಲ್ಲದೆ ತ್ಯಾಜ್ಯನೀರು ಹೊರಬಿಡುವುದನ್ನು ತಡೆಯುತ್ತದೆ. ಕೆರೆಯ ಪಹಣಿಯನ್ನೂ ತೆಗೆಸಿಡಿ. ಅಚ್ಚುಕಟ್ಟು 40 ಹೆಕ್ಟೇರಿಗಿಂತ ಹೆಚ್ಚಿದ್ದರೆ ಕೆರೆ ಸಾಮಾನ್ಯವಾಗಿ ಸಣ್ಣ ನೀರಾವರಿ ಇಲಾಖೆಯದು, ಕಡಿಮೆಯಿದ್ದರೆ ಪಂಚಾಯಿತಿಯದು. ದೂರಿನ ಪ್ರತಿ ಅವರಿಗೂ ಹೋಗಬೇಕು.

ಎರಡನೆಯದು, ಹೊರಬಿಡುವ ನೀರಿಗೆ ಮಿತಿ ಹೇಳುವ ಕಾರ್ಖಾನೆಯ ಕಾರ್ಯಾಚರಣೆ ಸಮ್ಮತಿಪತ್ರ, ಅಂದರೆ ಸಿಎಫ್‌ಒ. ಮಾಹಿತಿ ಹಕ್ಕಿನಡಿ 10 ರೂಪಾಯಿಯ ಪೋಸ್ಟಲ್ ಆರ್ಡರ್ ಲಗತ್ತಿಸಿ ಮಾಲಿನ್ಯ ನಿಯಂತ್ರಣ ಮಂಡಳಿಯ ಪ್ರಾದೇಶಿಕ ಕಚೇರಿಗೆ ಅದರ ಪ್ರತಿಗಾಗಿ ಅರ್ಜಿ ಹಾಕಿ. ಕರ್ನಾಟಕದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದಗಳ ಮಿತಿ. ಊರಿನ ಕಷ್ಟವನ್ನೆಲ್ಲ ಅದರಲ್ಲಿ ತುಂಬಬೇಡಿ.

ಇನ್ನು ಮಾದರಿ. ಸಾಮಾನ್ಯವಾಗಿ ನಡೆಯುವುದೇನೆಂದರೆ, ಸತ್ತ ಮೀನು ತೇಲಿದ ಮರುದಿನ ಯಾರೋ ಕೆರೆಯ ಅಂಚಿನಲ್ಲಿ ಮಿನರಲ್ ವಾಟರ್ ಬಾಟಲಿ ಅದ್ದಿ, ಅದನ್ನು ಬೈಕಿನ ಡಿಕ್ಕಿಯಲ್ಲಿಟ್ಟುಕೊಂಡು ಎರಡು ದಿನ ಓಡಾಡಿ, ಆಮೇಲೆ ಖಾಸಗಿ ಪ್ರಯೋಗಾಲಯಕ್ಕೆ ಕೊಡುತ್ತಾರೆ. ಬಿಒಡಿ (ನೀರಿನಲ್ಲಿರುವ ಕೊಳೆಯನ್ನು ಕರಗಿಸಲು ಸೂಕ್ಷ್ಮಜೀವಿಗಳಿಗೆ ಬೇಕಾಗುವ ಆಮ್ಲಜನಕದ ಅಳತೆ) ಪರೀಕ್ಷೆಗೆ ಹೋಗುವ ನೀರನ್ನು 4 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ ತಣ್ಣಗಿರಿಸಿ 24 ಗಂಟೆಯೊಳಗೆ ತಲುಪಿಸಬೇಕು. ಡಿಕ್ಕಿಯಲ್ಲಿ ಬಿಸಿಯಾದ ನೀರಿನ ಅಂಕಿಗೆ ಬೆಲೆಯಿಲ್ಲ. ಅದಕ್ಕಿಂತ ದೊಡ್ಡ ತೊಡಕು ಬೇರೆಯಿದೆ. ಕಾಯ್ದೆಯ 21ನೇ ಕಲಮಿನ ಪ್ರಕಾರ ಮಂಡಳಿಯ ಅಧಿಕಾರಿ ಕಾರ್ಖಾನೆಯವರಿಗೆ ಅಲ್ಲೇ ನೋಟಿಸ್ ಕೊಟ್ಟು, ಅವರ ಎದುರಿನಲ್ಲೇ ಮಾದರಿಯನ್ನು ಎರಡು ಭಾಗ ಮಾಡಿ, ಪ್ರತಿ ಬಾಟಲಿಗೂ ಗುರುತು ಹಾಕಿ, ಮೊಹರು ಒತ್ತಿ, ಇಬ್ಬರೂ ಸಹಿ ಹಾಕಿದ ಮೇಲಷ್ಟೇ ಅದರ ವರದಿ ನ್ಯಾಯಾಲಯದಲ್ಲಿ ಸಾಕ್ಷ್ಯವಾಗುತ್ತದೆ. ಕಾರ್ಖಾನೆಯವರು ಬೇಕೆಂದೇ ತಪ್ಪಿಸಿಕೊಂಡರೆ ಅಧಿಕಾರಿಯೊಬ್ಬರ ಸಹಿಯೇ ಸಾಕು, ಆದರೆ ಆ ಗೈರುಹಾಜರಿಯನ್ನು ವಿಶ್ಲೇಷಕರಿಗೆ ಲಿಖಿತವಾಗಿ ತಿಳಿಸಿರಬೇಕು. ನಿಮ್ಮ ಬಾಟಲಿ ಮಂಡಳಿಯನ್ನು ಎಬ್ಬಿಸಲು ಉಪಯೋಗಕ್ಕೆ ಬರಬಹುದು, ಶಿಕ್ಷೆ ಕೊಡಿಸಲು ಸಾಲದು.

ಹಾಗಾಗಿ ನಿಮ್ಮ ಶ್ರಮವೆಲ್ಲ ಅಧಿಕಾರಿಯನ್ನು ಸರಿಯಾದ ಹೊತ್ತಿಗೆ ಸರಿಯಾದ ಜಾಗಕ್ಕೆ ಕರೆತರುವುದಕ್ಕೆ ಮೀಸಲಾಗಲಿ. ಸರಿಯಾದ ಜಾಗವೆಂದರೆ ಕೊಳವೆಯ ಬಾಯಿ. ಕೆರೆಯ ಮಧ್ಯದಿಂದ ತೆಗೆದರೆ, ಮೇಲಿನ ಊರಿನ ಚರಂಡಿಯದೋ ತೋಟದ ಗೊಬ್ಬರದ್ದೋ ಇರಬಹುದೆಂಬ ವಾದ ಸಿದ್ಧವಾಗಿರುತ್ತದೆ. ಕೊಳವೆಯ ಬಾಯಿಯಲ್ಲೊಂದು, ಅದು ಹಳ್ಳ ಸೇರುವ ಜಾಗದ ಮೇಲ್ಗಡೆ ಒಂದು, ಕೆಳಗಡೆ ಒಂದು, ಹೀಗೆ ಮೂರು ಮಾದರಿಗಳನ್ನು ಕೇಳಿ. ನೀರು ಬಿಡುವುದು ರಾತ್ರಿಯೋ, ಭಾನುವಾರವೋ, ಜೋರುಮಳೆಯ ಮರೆಯಲ್ಲೋ ಎಂಬುದನ್ನು ಕೆಲವು ವಾರ ಗಮನಿಸಿ, ದಿನಾಂಕ ಮತ್ತು ಗಂಟೆಯ ಸಮೇತ ಪುಸ್ತಕದಲ್ಲಿ ಬರೆದಿಟ್ಟುಕೊಂಡು, ಅದೇ ಹೊತ್ತಿಗೆ ಜಂಟಿ ಪರಿಶೀಲನೆ ನಡೆಸಬೇಕೆಂದು ಲಿಖಿತವಾಗಿ ಕೋರಿ. ಮಹಜರಿನಲ್ಲಿ ನೀರಿನ ಬಣ್ಣ, ವಾಸನೆ, ಕೊಳವೆಯ ಜಾಗದ ಸರ್ವೆ ನಂಬರ್ ಇವೆಯೇ ಎಂದು ಓದಿ ನೋಡದೆ ಸಹಿ ಹಾಕಬೇಡಿ. ಮೇಲ್ಮೈ ಜಲಮೂಲಕ್ಕೆ ಬಿಡುವ ನೀರಿಗೆ ಸಾಮಾನ್ಯ ಮಾನದಂಡದಂತೆ ಬಿಒಡಿ ಲೀಟರಿಗೆ 30 ಮಿಲಿಗ್ರಾಂ, ಸಿಒಡಿ (ಕೊಳೆಯನ್ನು ರಾಸಾಯನಿಕವಾಗಿ ಕರಗಿಸಲು ಬೇಕಾಗುವ ಆಮ್ಲಜನಕ) 250 ಮಿಲಿಗ್ರಾಂ ಮೀರಬಾರದು, ಪಿಎಚ್ 5.5ರಿಂದ 9ರೊಳಗೆ ಇರಬೇಕು. ಸಮ್ಮತಿಪತ್ರದಲ್ಲಿ ಬೇರೆ ಮಿತಿಯಿದ್ದರೆ ಅದನ್ನೇ ಹಿಡಿಯಿರಿ. ಅಂದ ಹಾಗೆ, ಆನ್‌ಲೈನ್‌ನಲ್ಲಿ ಸಿಗುವ ಪೆನ್ನಿನಂಥ ಟಿಡಿಎಸ್ ಮೀಟರಿಗೆ ದುಡ್ಡು ಹಾಕಬೇಡಿ. ಅದು ಕರಗಿದ ಲವಣವನ್ನು ಅಂದಾಜಿಸುತ್ತದೆಯೇ ಹೊರತು ಬಿಒಡಿಯ ಬಗ್ಗೆ ಏನೂ ಹೇಳುವುದಿಲ್ಲ.

ದೂರು ಒಂದೇ ಪುಟದಲ್ಲಿರಲಿ, ಮಂಡಳಿಯ ಪರಿಸರ ಅಧಿಕಾರಿಗೆ ಬರೆದು ಜಿಲ್ಲಾಧಿಕಾರಿಗೆ ಪ್ರತಿ ಕಳಿಸಿ. ಕಚೇರಿಯ ಮೊಹರಿರುವ ಸ್ವೀಕೃತಿ ಪಡೆಯದೆ ಹೊರಬರಬೇಡಿ. ಕ್ರಮವೇನೆಂದು ಹಿಂಬರಹ ಕೇಳಿ. ವಾಟ್ಸ್‌ಆ್ಯಪ್‌ನಲ್ಲಿ ಶಾಸಕರಿಗೆ ಫೋಟೊ ಕಳಿಸುವ ಅಡ್ಡದಾರಿ ಒಂದು ದಿನದ ಸುದ್ದಿಯಾದೀತು, ಕಡತವಾಗುವುದಿಲ್ಲ. ಘಟಕ ಮುಚ್ಚಿಸುವ, ವಿದ್ಯುತ್ ಕಡಿತಗೊಳಿಸುವ ಅಧಿಕಾರ ಮಂಡಳಿಗೆ 33ಎ ಕಲಮಿನಡಿ ಇದೆ. ದೂರಿನಲ್ಲಿ ಆ ಕಲಮನ್ನು ಹೆಸರಿಸಿಯೇ ಕೋರಿ.

ಮಂಡಳಿ ಕದಲದಿದ್ದರೆ ಎರಡು ದಾರಿಗಳಿವೆ. 49ನೇ ಕಲಮಿನಡಿ ಮಂಡಳಿಗೆ 60 ದಿನಗಳ ನೋಟಿಸ್ ಕೊಟ್ಟು ನ್ಯಾಯಾಲಯದಲ್ಲಿ ನೀವೇ ದೂರುದಾರರಾಗಬಹುದು. ನನ್ನ ಒಲವು ಎರಡನೆಯದಕ್ಕೆ: ಚೆನ್ನೈನಲ್ಲಿರುವ ರಾಷ್ಟ್ರೀಯ ಹಸಿರು ನ್ಯಾಯಮಂಡಳಿಯ ದಕ್ಷಿಣ ಪೀಠ. ಪರಿಹಾರ ಕೇಳದ ಅರ್ಜಿಗೆ ಶುಲ್ಕ 1,000 ರೂಪಾಯಿ, ವಕೀಲರಿಲ್ಲದೆಯೂ ವಾದಿಸಬಹುದು. ಆದರೆ ವಿವಾದದ ಕಾರಣ ಮೊದಲು ಹುಟ್ಟಿದ ದಿನದಿಂದ 6 ತಿಂಗಳೊಳಗೆ ಅರ್ಜಿ ಬೀಳಬೇಕು. ಸಕಾರಣವಿದ್ದರೆ ಇನ್ನು 60 ದಿನ ಸಿಗುತ್ತದೆ, ಅದರಾಚೆ ಇಲ್ಲ. ಬೆಳೆ, ಮೀನು, ದನಕರುಗಳ ನಷ್ಟಕ್ಕೆ ಪರಿಹಾರ ಕೇಳುವುದಾದರೆ 5 ವರ್ಷಗಳ ಅವಧಿಯಿದೆ. ಮಂಡಳಿಯ ಹಿಂಬರಹಕ್ಕೆ ಕಾಯುತ್ತ ಕೂತರೂ ಈ 6 ತಿಂಗಳ ಗಡುವು ನಿಲ್ಲುವುದಿಲ್ಲವಾದ್ದರಿಂದ, ನಾಲ್ಕನೇ ತಿಂಗಳಿಗೆ ಅರ್ಜಿಯ ಕರಡು ನಿಮ್ಮ ಕೈಯಲ್ಲಿರಬೇಕು.