ಹೇಇನ್‌ಸಾಕ್ಕೆ ಓದಿನ ದಾರಿ

ಕೊರಿಯಾ ಬಗ್ಗೆ ಓದೋಕೆ ಹೊರಟರೆ ಇಡೀ ದೇಶವನ್ನು ಒಟ್ಟಿಗೆ ಹಿಡಿಯಬೇಡಿ. ಒಂದು ಜಾಗ ಆರಿಸಿಕೊಳ್ಳಿ. ನಾನು ಆರಿಸಿಕೊಂಡಿದ್ದು ಗಾಯಾ ಬೆಟ್ಟದ ಹೇಇನ್‌ಸಾ ಬೌದ್ಧ ದೇವಾಲಯ.

ಮೊದಲು ಕೊರಿಯನ್ ಭಾಷೆಯ ಹಂಗುಲ್ ಲಿಪಿ ಕಲಿಯಿರಿ. ಸೇಜೊಂಗ್ ರಾಜ 1443ರಲ್ಲಿ ರೂಪಿಸಿದ ಅಕ್ಷರಗಳಿವು. ‘ಹನ್’ ಅಂತ ಬರೆಯುವಾಗ ‘ನ್’ ಕೆಳಗೆ ಕೂರುತ್ತದೆ, ನಮ್ಮ ಒತ್ತಕ್ಷರದ ಹಾಗೆ. ಆಮೇಲೆ ನಕ್ಷೆ ತೆರೆಯಿರಿ. ಹೆಸರಿನ ಕೊನೆಯಲ್ಲಿ ‘ಸಾ’ ಇದ್ದರೆ ಸಾಮಾನ್ಯವಾಗಿ ದೇವಾಲಯ, ‘ಸಾನ್’ ಇದ್ದರೆ ಬೆಟ್ಟ. ನನಗೆ ಆ ದಿನ ನಕ್ಷೆ ಮಾತಾಡಿದಂತಾಯಿತು!

ಈಗ ಹಲಗೆಗಳ ಕಥೆಗೆ ಬನ್ನಿ. ಇಲ್ಲಿ ಅವಸರ ಬೇಡ. 13ನೇ ಶತಮಾನದಲ್ಲಿ ಮಂಗೋಲರ ದಾಳಿ ನಡೆಯುತ್ತಿದ್ದಾಗ, ಬುದ್ಧ ಕಾಪಾಡಲಿ ಅಂತ ಬೌದ್ಧ ಗ್ರಂಥಗಳನ್ನು ಮರದಲ್ಲಿ ಕೆತ್ತಿದರು. ಅಚ್ಚೊತ್ತಲು ಬೇಕಲ್ವಾ, ಒಂದೊಂದು ಅಕ್ಷರವೂ ಕನ್ನಡಿಯಲ್ಲಿ ಕಂಡಂತೆ ತಿರುಗುಮುರುಗು. ಅಂಥ 80 ಸಾವಿರಕ್ಕೂ ಜಾಸ್ತಿ ಹಲಗೆಗಳು ಇಂದಿಗೂ ಹೇಇನ್‌ಸಾದಲ್ಲಿವೆ. ಅವನ್ನಿಟ್ಟ ಕಟ್ಟಡದ ಚಿತ್ರ ಸಿಕ್ಕರೆ ಕಿಟಕಿ ನೋಡಿ. ಮುಂದಿನ ಗೋಡೆಯಲ್ಲಿ ಕೆಳಗಿನ ಕಿಟಕಿ ದೊಡ್ಡದು, ಹಿಂದಿನ ಗೋಡೆಯಲ್ಲಿ ಮೇಲಿನದು ದೊಡ್ಡದು. ಗಾಳಿ ಒಳಗೆಲ್ಲ ಸುತ್ತಿ ಹೊರಹೋಗುತ್ತದೆ. ತೇವ ಹಿಡಿಯಲು ನೆಲದಡಿ ಇದ್ದಿಲು, ಉಪ್ಪು, ಸುಣ್ಣ. ನಾನು ಪೆನ್ಸಿಲ್ ಹಿಡಿದು ಆ ಕಿಟಕಿಗಳನ್ನು ಬಿಡಿಸಿದೆ. ಬಿಡಿಸಿದ ಮೇಲೇ ಅರ್ಥವಾಗಿದ್ದು.

ಅಧ್ಯಾತ್ಮ ಅಂದ್ರೆ ಬರೀ ತತ್ವ ಓದಬೇಡಿ, ಊಟದ ಬಗ್ಗೆಯೂ ಓದಿ. ಭಿಕ್ಷುಗಳು ನಾಲ್ಕು ಬಟ್ಟಲಲ್ಲಿ ಉಣ್ಣುತ್ತಾರೆ. ಕೊನೆಗೆ ಕಿಮ್ಚಿ ಅನ್ನೋ ತರಕಾರಿ ಉಪ್ಪಿನಕಾಯಿಯ ತುಂಡಿನಿಂದ ಬಟ್ಟಲು ಒರೆಸಿ, ತೊಳೆದ ನೀರನ್ನೂ ಕುಡಿಯುತ್ತಾರೆ. ಓದಿದ ರಾತ್ರಿ ನಾನೂ ಮೂಲಂಗಿ ಉಪ್ಪಿನಕಾಯಿಯ ಹೋಳು ಹಿಡಿದು ತಟ್ಟೆ ಒರೆಸಿದೆ. ಒಂದಗುಳೂ ಉಳಿಯಲಿಲ್ಲ.