ಕಸ್ಟಮ್ಸ್ ಬಗ್ಗೆ ಸಿಎಜಿ ವರದಿ ಬಂದರೆ ಕೋಟಿ ಲೆಕ್ಕ ಬಿಡಿ, ಇಲಾಖೆಯ ಉತ್ತರ ಓದಿ

"ಕಸ್ಟಮ್ಸ್‌ನಲ್ಲಿ ಇಷ್ಟು ಕೋಟಿ ಖೋತಾ, ಸಿಎಜಿ ವರದಿ" ಅಂತ ಸುದ್ದಿ ಬಂದ ದಿನ ನಮ್ಮ ಆಫೀಸಿನ ವಾಟ್ಸಾಪ್ ಗ್ರೂಪಿನಲ್ಲಿ ಒಂದೇ ಸ್ಕ್ರೀನ್‌ಶಾಟ್ ಹತ್ತು ಸಲ ಬರುತ್ತದೆ. ಸಿಎಜಿ ಅಂದರೆ ಸರ್ಕಾರದ ಲೆಕ್ಕ ತಪಾಸಣೆ ಮಾಡುವ ಮಹಾಲೆಕ್ಕಪರಿಶೋಧಕರು. ಅವರ ವರದಿ ತೆಗೆದು ನೋಡಿದವರು ಒಬ್ಬರೂ ಇರುವುದಿಲ್ಲ. ನಾನೂ ಹಾಗೇ ಇದ್ದೆ. ಸಿಎಚ್‌ಎ (ಆಮದುದಾರರ ಪರವಾಗಿ ಕಸ್ಟಮ್ಸ್ ಕೆಲಸ ಮಾಡಿಕೊಡುವ ಏಜೆಂಟ್) ಆಫೀಸಿನಲ್ಲಿ ಬಿಲ್ ಆಫ್ ಎಂಟ್ರಿ, ಅಂದರೆ ಆಮದು ಸರಕಿನ ಘೋಷಣಾ ಪತ್ರ ಹಾಕುವ ಕೆಲಸ ಮಾಡುತ್ತಾ, ನಮ್ಮದೇ ಒಂದು ತಪ್ಪು ಕೈಗೆ ಸಿಕ್ಕಿಕೊಂಡ ಮೇಲೆ ಈ ವರದಿಗಳನ್ನು ಓದುವ ಚಟ ಹತ್ತಿತು. ಓದುವುದು ಕಷ್ಟ ಅಲ್ಲ. ಎಲ್ಲಿಂದ ಶುರು ಮಾಡಬೇಕು ಅಂತ ಗೊತ್ತಿರಬೇಕು, ಅಷ್ಟೇ.

ಮೊದಲು ಯಾರು ಯಾರ ಮೇಲೆ ಕಣ್ಣಿಡುತ್ತಾರೆ ಅನ್ನುವುದು. ಆದಾಯ ತೆರಿಗೆಗೆ ಸಿಬಿಡಿಟಿ, ಕಸ್ಟಮ್ಸ್ ಮತ್ತು ಕೇಂದ್ರ ಜಿಎಸ್‌ಟಿಗೆ ಸಿಬಿಐಸಿ. 1963ರ ಕಾಯ್ದೆಯಿಂದ ಹುಟ್ಟಿದ ಈ ಎರಡು ಮಂಡಳಿಗಳೂ ಹಣಕಾಸು ಸಚಿವಾಲಯದ ಕಂದಾಯ ಇಲಾಖೆಯ ಕೆಳಗೆ ಬರುತ್ತವೆ. ಇಲಾಖೆಗೆ ತನ್ನದೇ ಆಡಿಟ್ ವಿಭಾಗವೂ ಇದೆ. ಸರಕು ಹೊರಗೆ ಹೋದ ಮೇಲೆ ಕಾಗದ ತರಿಸಿಕೊಂಡು ನೋಡುತ್ತದೆ. ಸಿಎಜಿ ಇದರ ಹೊರಗಿನವರು. 1971ರ ಕಾಯ್ದೆಯ 16ನೇ ಸೆಕ್ಷನ್ ಪ್ರಕಾರ ಸರ್ಕಾರದ ವಸೂಲಿಯನ್ನೂ ಅವರು ಪರಿಶೀಲಿಸಬೇಕು. ಅಂದರೆ ಸಿಎಜಿ ನೇರವಾಗಿ ವ್ಯಾಪಾರಿಯನ್ನು ಹಿಡಿಯುವುದಿಲ್ಲ. ತೆರಿಗೆಯನ್ನು ಸರಿಯಾಗಿ ಹಾಕಿ ವಸೂಲಿ ಮಾಡುವ ವ್ಯವಸ್ಥೆ ಇಲಾಖೆಯಲ್ಲಿ ಇದೆಯಾ ಅಂತ ನೋಡುತ್ತಾರೆ. ಈ ವ್ಯತ್ಯಾಸ ಮರೆತರೆ ಇಡೀ ವರದಿ ಕಳ್ಳರ ಪಟ್ಟಿ ಥರ ಕಾಣುತ್ತದೆ.

ವರದಿಗಳೆಲ್ಲ ಸಿಎಜಿ ವೆಬ್‌ಸೈಟಿನಲ್ಲಿ ಪುಕ್ಕಟೆ ಸಿಗುತ್ತವೆ. ಸಾಮಾನ್ಯವಾಗಿ ನೇರ ತೆರಿಗೆ, ಜಿಎಸ್‌ಟಿ, ಕಸ್ಟಮ್ಸ್ ಮೂರಕ್ಕೂ ಬೇರೆ ಬೇರೆ ವರದಿ. ಹೆಸರಿನಲ್ಲಿ "ಕಂಪ್ಲಯನ್ಸ್ ಆಡಿಟ್" ಅಂತಿದ್ದರೆ ಒಳಗೆ ಬಿಡಿ ಬಿಡಿ ಕೇಸುಗಳಿರುತ್ತವೆ. "ಪರ್ಫಾರ್ಮೆನ್ಸ್ ಆಡಿಟ್" ಅಂತಿದ್ದರೆ ರೀಫಂಡ್ ಥರ ಒಂದೇ ವಿಷಯವನ್ನು ಹಿಡಿದು ಬುಡದಿಂದ ಕೆದಕಿರುತ್ತಾರೆ. ಹೊಸಬರು ಮೊದಲನೆಯದನ್ನೇ ತೆಗೆದುಕೊಳ್ಳಿ. ಮುನ್ನುಡಿ ಹಾರಿಸಿ, ಒಂದು ಪ್ಯಾರಾ ಆರಿಸಿಕೊಂಡು ಕೂತುಕೊಳ್ಳಿ.

ಪ್ಯಾರಾ ಅಂದರೆ ಇಲ್ಲಿ ಬರೀ ಪ್ಯಾರಾಗ್ರಾಫ್ ಅಲ್ಲ, ಒಂದು ಆಕ್ಷೇಪಣೆ. ನಮ್ಮ ಕಡೆ "ಆಡಿಟ್ ಪ್ಯಾರಾ ಬಿದ್ದಿದೆ" ಅಂದರೆ ಅರ್ಧ ಆಫೀಸ್ ಆ ದಿನ ಊಟಕ್ಕೆ ಏಳುವುದಿಲ್ಲ. ಪ್ರತಿ ಪ್ಯಾರಾದಲ್ಲೂ ನಿಯಮ ಏನು ಹೇಳುತ್ತದೆ, ಏನಾಯಿತು, ಎಷ್ಟು ಹಣ, ಇಲಾಖೆ ಏನಂದಿತು ಅಂತ ಇರುತ್ತದೆ. ಕಸ್ಟಮ್ಸ್‌ನಲ್ಲಿ ಪದೇ ಪದೇ ಬರುವ ತಪ್ಪು ಕ್ಲಾಸಿಫಿಕೇಶನ್. ಸರಕಿಗೆ ಎಂಟು ಅಂಕಿಯ ಟ್ಯಾರಿಫ್ ಹೆಡ್ ಕೊಡಬೇಕು, ಹೆಡ್ ಬದಲಾದರೆ ಸುಂಕ ಬದಲಾಗುತ್ತದೆ.

ಇದನ್ನು ಪೆನ್ನು ಹಿಡಿದು ಮಾಡಿ ನೋಡಿ. ಸರಕಿನ ಬೆಲೆ 1,00,000 ರೂಪಾಯಿ, ಮೂಲ ಸುಂಕ 10% ಅಂತಿಟ್ಟುಕೊಳ್ಳಿ. ಸುಂಕ 10,000. ಆ ಸುಂಕದ ಮೇಲೆ 10% ಸಮಾಜ ಕಲ್ಯಾಣ ಸರ್ಚಾರ್ಜ್, ಅದು 1,000. ಈಗ 1,11,000 ಆಯಿತು, ಇದರ ಮೇಲೆ ಆಮದಿಗೆ ಹಾಕುವ ಜಿಎಸ್‌ಟಿ, ಅಂದರೆ 18% ಐಜಿಎಸ್‌ಟಿ, 19,980. ಒಟ್ಟು 30,980. ಅದೇ ಸರಕು 20% ಹೆಡ್‌ಗೆ ಸೇರಬೇಕಿತ್ತು ಅಂತ ಆಡಿಟರ್ ಹೇಳಿದರೆ? 20,000, 2,000, ಆಮೇಲೆ 1,22,000ದ ಮೇಲೆ 21,960. ಒಟ್ಟು 43,960. ವ್ಯತ್ಯಾಸ 12,980. ಆದರೆ ಇದರಲ್ಲಿ 1,980 ಐಜಿಎಸ್‌ಟಿ. ಜಿಎಸ್‌ಟಿ ನೋಂದಣಿ ಇರುವ ಆಮದುದಾರ ಅದನ್ನು ಮಾಮೂಲಾಗಿ ಕ್ರೆಡಿಟ್ ತೆಗೆದುಕೊಳ್ಳುತ್ತಾನೆ, ಅಂದರೆ ಮುಂದೆ ತಾನು ಕಟ್ಟಬೇಕಾದ ಜಿಎಸ್‌ಟಿಯಲ್ಲಿ ಕಳೆದುಕೊಳ್ಳುತ್ತಾನೆ. ಹಾಗಾಗಿ ಖಜಾನೆಗೆ ನಿಜವಾಗಿ ಕಡಿಮೆ ಬಿದ್ದದ್ದು 11,000 ಅಂತ ವಾದ ಮಾಡಬಹುದು. ಹೆಡ್‌ಲೈನಿನ ಕೋಟಿಗಳನ್ನು ನಾನು ಅಷ್ಟಾಗಿ ನಂಬದಿರುವುದು ಇದಕ್ಕೇ. ಇನ್ನೊಂದು, ಆಡಿಟರ್‌ಗಳು ನೋಡುವುದು ಸ್ಯಾಂಪಲ್ ಮಾತ್ರ. "ಟೆಸ್ಟ್ ಚೆಕ್" ಅನ್ನುವ ಪದ ಕಂಡರೆ, ಮೊತ್ತ ಅಷ್ಟೇ ಅಂತಲೂ ಅಂದುಕೊಳ್ಳಬೇಡಿ.

ಯಾವ ಬಂದರಿನ ಹೆಸರಿದೆ ಅಂತ ನೋಡಿ ತಕ್ಷಣ ಅಲ್ಲಿನ ಅಧಿಕಾರಿಗಳನ್ನು ಬೈಯುವುದೂ ಬೇಡ. 2020ರ ಜೂನ್ 8ರಂದು ಬೆಂಗಳೂರು ಮತ್ತು ಚೆನ್ನೈಯಲ್ಲಿ ಫೇಸ್‌ಲೆಸ್ ಅಸೆಸ್‌ಮೆಂಟ್ ಶುರುವಾಯಿತು, ಅದೇ ವರ್ಷ ಅಕ್ಟೋಬರ್ ಕೊನೆಗೆ ದೇಶಕ್ಕೆಲ್ಲ ಬಂತು. ಸರಕು ಪಣಂಬೂರಿನಲ್ಲಿ ಇಳಿದರೂ ಕಾಗದ ನೋಡುವ ಅಧಿಕಾರಿ ಬೇರೆ ಊರಿನಲ್ಲಿ ಇರಬಹುದು. ಅದೂ ಕಾಗದ ನೋಡಿದರೆ. 2011ರಿಂದ ಆಮದುದಾರನೇ ತನ್ನ ಸುಂಕ ಲೆಕ್ಕ ಹಾಕಿಕೊಳ್ಳುವ ಪದ್ಧತಿ ಇದೆ, ರಿಸ್ಕ್ ಇಲ್ಲ ಅಂತ ಸಿಸ್ಟಂ ಹೇಳಿದ ಬಿಲ್‌ಗಳನ್ನು ಯಾರೂ ಮುಟ್ಟುವುದೇ ಇಲ್ಲ.

ಈಗ ಅಸಲಿ ಜಾಗಕ್ಕೆ ಬರೋಣ. ಪ್ಯಾರಾದ ಕೊನೆಯ ನಾಲ್ಕೈದು ಸಾಲು, ಇಲಾಖೆಯ ಉತ್ತರ. "ಒಪ್ಪಿಕೊಂಡಿದೆ, ಬಡ್ಡಿ ಸಮೇತ ವಸೂಲಾಗಿದೆ" ಅಂತಿದ್ದರೆ ಮುಗಿಯಿತು, ಮುಂದಿನ ಪ್ಯಾರಾಗೆ ಹೋಗಿ. "ಡಿಮಾಂಡ್ ನೋಟಿಸ್ ಕೊಡಲಾಗಿದೆ" ಅಂದರೆ ಹಣ ಬಂದಿಲ್ಲ ಅಂತಲೇ ಅರ್ಥ, ಬರದೆಯೂ ಹೋಗಬಹುದು. "ಪ್ರೊಟೆಕ್ಟಿವ್ ಡಿಮಾಂಡ್" ಅಂದರೆ ಇನ್ನೂ ಮಜಾ. ಆಡಿಟ್ ಹೇಳಿದ್ದನ್ನು ಇಲಾಖೆ ಒಪ್ಪಿಲ್ಲ, ಆದರೂ ಗಡುವು ಮೀರದಿರಲಿ ಅಂತ ಒಂದು ನೋಟಿಸ್ ಕೊಟ್ಟಿದ್ದಾರೆ. ಹೀಗೆ ತಕರಾರಿನಲ್ಲಿದ್ದ ಆಡಿಟ್ ಕೇಸುಗಳನ್ನು "ಕಾಲ್ ಬುಕ್" ಅನ್ನುವ ರಿಜಿಸ್ಟರಿಗೆ ಹಾಕಿ ವರ್ಷಗಟ್ಟಲೆ ಮಲಗಿಸುತ್ತಿದ್ದರು. ಹಳೆಯ ವರದಿಗಳಲ್ಲಿ ಆ ಪದ ಕಂಡರೆ ಅಲ್ಲಿ ನಿಲ್ಲಿ. ಎಲ್ಲಕ್ಕಿಂತ ಬೇಸರದ ಪದ "ಟೈಮ್ ಬಾರ್". ಕಸ್ಟಮ್ಸ್ ಕಾಯ್ದೆಯ 28ನೇ ಸೆಕ್ಷನ್ ಪ್ರಕಾರ ಮಾಮೂಲಿ ತಪ್ಪಿಗೆ ಎರಡು ವರ್ಷದೊಳಗೆ ನೋಟಿಸ್ ಕೊಡಬೇಕು. ಬೇಕಂತಲೇ ಸುಳ್ಳು ಹೇಳಿದ್ದಾರೆ, ಮುಚ್ಚಿಟ್ಟಿದ್ದಾರೆ ಅಂತಾದರೆ ಮಾತ್ರ ಐದು ವರ್ಷ. ಆಡಿಟ್ ತಪ್ಪು ತೋರಿಸುವ ಹೊತ್ತಿಗೆ ಎರಡು ವರ್ಷ ದಾಟಿದ್ದರೆ ಆ ಹಣ ಹೋಯಿತು ಅಂತಲೇ.

ನಮ್ಮ ತಪ್ಪು ಆ ಗಡುವಿಗೆ ನಾಲ್ಕು ತಿಂಗಳಿರುವಾಗ ಸಿಕ್ಕಿತು. ಹೊಸದಾಗಿ ಸೇರಿದ ಹುಡುಗ ಹಿಂದಿನ ವರ್ಷದ ಬಿಲ್ ನೋಡಿಕೊಂಡು ವಿನಾಯಿತಿ ನೋಟಿಫಿಕೇಶನ್ನಿನ ಸೀರಿಯಲ್ ನಂಬರನ್ನು ಹಾಗೇ ಹಾಕಿದ್ದ, ಮಧ್ಯದಲ್ಲಿ ಆ ಸೀರಿಯಲ್ಲನ್ನು ತೆಗೆದುಹಾಕಿದ್ದರು. ಸಹಿ ಮಾಡಿದವನು ನಾನೇ. ಸಿಸ್ಟಂ ಪಾಸ್ ಮಾಡಿತು, ಯಾರೂ ಕೇಳಲಿಲ್ಲ. ಇಪ್ಪತ್ತು ತಿಂಗಳಾದ ಮೇಲೆ ಗಿರಾಕಿಗೆ ಕಾಗದ ಬಂತು, ಸುಂಕ ಮತ್ತು ವರ್ಷಕ್ಕೆ 15% ಬಡ್ಡಿ. ಗಿರಾಕಿ ಕಟ್ಟಿದರು, ನಮ್ಮ ಜೊತೆ ಮಾತು ಬಿಟ್ಟರು.

ವರದಿ ಸಂಸತ್ತಿನಲ್ಲಿ ಮಂಡನೆಯಾದ ಮೇಲೆ ಕಥೆ ಸಾರ್ವಜನಿಕ ಲೆಕ್ಕಪತ್ರಗಳ ಸಮಿತಿಗೆ ಹೋಗುತ್ತದೆ, ಪಿಎಸಿ. ಲೋಕಸಭೆಯ 15, ರಾಜ್ಯಸಭೆಯ 7, ಒಟ್ಟು 22 ಸದಸ್ಯರು. ಮಂತ್ರಿಗಳಿಗೆ ಜಾಗ ಇಲ್ಲ. 1967ರಿಂದ ವಿರೋಧ ಪಕ್ಷದವರನ್ನೇ ಅಧ್ಯಕ್ಷರನ್ನಾಗಿ ಮಾಡುವ ರೂಢಿ ಇದೆ. ವರದಿಯ ಪ್ಯಾರಾಗಳಿಗೆ ಸಚಿವಾಲಯ ನಾಲ್ಕು ತಿಂಗಳಲ್ಲಿ "ಆಕ್ಷನ್ ಟೇಕನ್ ನೋಟ್", ಅಂದರೆ ಏನು ಕ್ರಮ ಕೈಗೊಂಡೆವು ಅನ್ನುವ ಉತ್ತರ ಕೊಡಬೇಕು. ಎಲ್ಲ ಪ್ಯಾರಾವನ್ನೂ ಸಮಿತಿ ಕೂತು ವಿಚಾರಿಸುವುದಿಲ್ಲ, ಕೆಲವನ್ನು ಆರಿಸಿಕೊಳ್ಳುತ್ತದೆ. ವಿಚಾರಿಸಿದ ಮೇಲೆ ಒಂದು ವರದಿ, ಅದಕ್ಕೆ ಸರ್ಕಾರ ಉತ್ತರ ಕೊಟ್ಟ ಮೇಲೆ ಇನ್ನೊಂದು "ಆಕ್ಷನ್ ಟೇಕನ್" ವರದಿ. ಲೋಕಸಭೆಯ ವೆಬ್‌ಸೈಟಿನಲ್ಲಿ ಈ ಎರಡನೆಯದನ್ನು ತೆಗೆದು ನೇರ ನಾಲ್ಕನೇ ಅಧ್ಯಾಯಕ್ಕೆ ಹೋಗಿ. ಸರ್ಕಾರದ ಉತ್ತರವನ್ನು ಸಮಿತಿ ಒಪ್ಪದೆ ಮತ್ತೆ ಕೇಳಿದ ವಿಷಯಗಳೆಲ್ಲ ಅಲ್ಲಿರುತ್ತವೆ. ಐದನೆಯದರಲ್ಲಿ "ಮಧ್ಯಂತರ ಉತ್ತರ", ಅಂದರೆ ಸರ್ಕಾರ ಇನ್ನೂ ಪೂರ್ತಿ ಹೇಳಿಲ್ಲ. ಟೈಮ್ ಇಲ್ಲದವರಿಗೆ ಈ ಎರಡು ಅಧ್ಯಾಯ ಸಾಕು.

ಇಷ್ಟಾದರೂ ನಿಮ್ಮ ಪ್ಯಾರಾ ಏನಾಯಿತು ಅಂತ ಗೊತ್ತಾಗದಿದ್ದರೆ ಆರ್‌ಟಿಐ ಹಾಕಿ. ಕೇಂದ್ರದ ಪೋರ್ಟಲ್‌ನಲ್ಲಿ 10 ರೂಪಾಯಿ, 30 ದಿನದೊಳಗೆ ಉತ್ತರ. "ಯಾಕೆ ವಸೂಲಿ ಮಾಡಲಿಲ್ಲ" ಅಂತ ಸುಮ್ನೆ ಕೇಳಬೇಡಿ, ಅದು ಮಾಹಿತಿ ಅಲ್ಲ ಅಂತ ವಾಪಸ್ ಬರುತ್ತದೆ. ದಾಖಲೆ ಕೇಳಿ: "ಇಂಥ ವರ್ಷದ ಇಂಥ ವರದಿಯ ಇಷ್ಟನೇ ಪ್ಯಾರಾಗೆ ಸಲ್ಲಿಸಿದ ಆಕ್ಷನ್ ಟೇಕನ್ ನೋಟ್‌ನ ಪ್ರತಿ, ಮತ್ತು ಈವರೆಗೆ ವಸೂಲಾದ ಮೊತ್ತ." ಆಮದುದಾರನ ಹೆಸರು ಕೇಳಿದರೆ ವ್ಯಾಪಾರದ ಗುಟ್ಟು ಅಂತ ತಳ್ಳಿಹಾಕುವುದೇ ಜಾಸ್ತಿ. ಕಳ್ಳಸಾಗಣೆ, ಸುಂಕ ವಂಚನೆ ಪತ್ತೆ ಮಾಡುವ ಡಿಆರ್‌ಐಗೆ ಆರ್‌ಟಿಐ ಅನ್ವಯಿಸುವುದಿಲ್ಲ, ಭ್ರಷ್ಟಾಚಾರ ಮತ್ತು ಮಾನವ ಹಕ್ಕಿನ ಆರೋಪ ಬಿಟ್ಟು. ಉತ್ತರ ಬರದಿದ್ದರೆ 30 ದಿನದೊಳಗೆ ಮೊದಲ ಮೇಲ್ಮನವಿ, ಅದಕ್ಕೆ ಕೇಂದ್ರದಲ್ಲಿ ಫೀಸ್ ಇಲ್ಲ.

ರಾಜ್ಯದ ವಾಣಿಜ್ಯ ತೆರಿಗೆ, ಅಬಕಾರಿ, ನೋಂದಣಿ ಇಲಾಖೆಗಳ ಮೇಲಿನ ಸಿಎಜಿ ವರದಿ ವಿಧಾನಮಂಡಲಕ್ಕೆ ಬರುತ್ತದೆ, ಅಲ್ಲೂ ಒಂದು ಲೆಕ್ಕಪತ್ರ ಸಮಿತಿ ಇದೆ, ದಾರಿ ಹೆಚ್ಚು ಕಡಿಮೆ ಇದೇ. ಆದರೆ ಕರ್ನಾಟಕದ ಆರ್‌ಟಿಐ ನಿಯಮದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದ ಮಿತಿ. ಎರಡು ಪ್ಯಾರಾ ಬಗ್ಗೆ ಕೇಳಬೇಕಿದ್ದರೆ ಎರಡು ಅರ್ಜಿ ಬರೆಯಿರಿ, ಇನ್ನೊಂದು 10 ರೂಪಾಯಿ ಹೋಗುತ್ತದೆ ಅಷ್ಟೇ.