ಉಡುಪಿಯ ಮಳೆಗೆ ಡಿಸೆಂಬರ್‌ನಲ್ಲೇ ಅರ್ಜಿ ಕೊಡಬೇಕು: ನನ್ನ ಅನುಭವ

ಉಡುಪಿಯಲ್ಲಿ ವರ್ಷಕ್ಕೆ ಸುಮಾರು 4,000 ಮಿಲಿಮೀಟರ್ ಮಳೆ. ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೇ ಸುರಿದು ಮುಗಿಯುತ್ತದೆ. ಇಷ್ಟು ಮಳೆ ಬರುವ ಊರಲ್ಲೇ ಮೇ ತಿಂಗಳಿಗೆ ಬಾವಿಯ ತಳ ಕಾಣುತ್ತದೆ. 2019ರ ಮೇ ನೆನಪಿದೆ ಅಲ್ವಾ? ಸ್ವರ್ಣಾ ನದಿಯ ಬಜೆ ಅಣೆಕಟ್ಟು ಬತ್ತಿ, ವಾರ್ಡುಗಳಿಗೆ ಸರದಿ ಪ್ರಕಾರ ನೀರು ಬಿಡಬೇಕಾಯಿತು. ಮರುವರ್ಷ ಸೆಪ್ಟೆಂಬರ್ 20ಕ್ಕೆ ಇದಕ್ಕೆ ಪೂರಾ ಉಲ್ಟಾ. ರಾತ್ರಿಯಿಡೀ ಸುರಿದ ಮಳೆಗೆ ಕಲ್ಸಂಕ, ಬೈಲಕೆರೆ ಕಡೆ ಮನೆಗಳ ಒಳಗೆ ನೀರು ನುಗ್ಗಿತು, ಜನರನ್ನು ದೋಣಿಯಲ್ಲಿ ಕರೆತಂದರು.

ಈ ಎರಡೂ ಆದಾಗ ನಗರಸಭೆಯಲ್ಲಿ ಅಧ್ಯಕ್ಷರೇ ಇರಲಿಲ್ಲ. 2018ರಲ್ಲಿ 35 ವಾರ್ಡುಗಳಿಗೂ ಸದಸ್ಯರು ಆರಿಸಿ ಬಂದಿದ್ದರು, ಆದರೆ ಅಧ್ಯಕ್ಷ ಸ್ಥಾನದ ಮೀಸಲಾತಿ ವಿಷಯ ಕೋರ್ಟಿಗೆ ಹೋಯಿತು. ಹಾಗಾಗಿ 2020ರ ಕೊನೆಯ ತನಕ ಆಡಳಿತಾಧಿಕಾರಿಯೇ ನೋಡಿಕೊಂಡರು. ನಮ್ಮ ಅಡ್ಡರಸ್ತೆಯ ಚರಂಡಿಯ ಬಗ್ಗೆ ನಾನು ತಲೆಕೆಡಿಸಿಕೊಳ್ಳಲು ಶುರು ಮಾಡಿದ್ದು ಆ ಮಳೆಯ ನಂತರವೇ.

ಮೊದಲು ಮಾಡಿದ್ದು ಇಷ್ಟೇ. ಜೋರು ಮಳೆ ಬರುವಾಗ ಕೊಡೆ ಹಿಡಿದು ಚರಂಡಿಯ ಉದ್ದಕ್ಕೂ ನಡೆದೆ. ನೀರು ಎಲ್ಲಿ ನಿಲ್ಲುತ್ತದೆ, ಎಲ್ಲಿ ರಸ್ತೆಗೆ ಏರುತ್ತದೆ, ಕೊನೆಗೆ ಯಾವ ತೋಡಿಗೆ (ಸಣ್ಣ ಹಳ್ಳಕ್ಕೆ) ಸೇರುತ್ತದೆ ಅಂತ ಫೋಟೊ ತೆಗೆದೆ. ಬೇಸಿಗೆಯಲ್ಲಿ ನೋಡಿದರೆ ಇದು ಗೊತ್ತಾಗುವುದಿಲ್ಲ, ಒಣಗಿದ ಚರಂಡಿ ಎಲ್ಲ ಕಡೆ ಒಂದೇ ಥರ ಕಾಣುತ್ತದೆ. ಆಟಿ ತಿಂಗಳ (ಜುಲೈ–ಆಗಸ್ಟ್) ಮಳೆಯಲ್ಲೇ ನೋಡಬೇಕು. ನಮ್ಮಲ್ಲಿ ತೊಂದರೆ ಇದ್ದದ್ದು ಮನೆಗಳ ಗೇಟಿನ ಎದುರು. ಕಾರು ಒಳಗೆ ಬರಲಿ ಅಂತ ಒಬ್ಬೊಬ್ಬರೂ ಕಾಂಕ್ರೀಟ್ ಸ್ಲ್ಯಾಬ್ ಹಾಕಿದ್ದರು, ಕೆಲವು ಕಡೆ ಕೆಳಗೆ ಸಣ್ಣ ಪೈಪ್ ಮಾತ್ರ. ತೆಂಗಿನ ಗರಿ, ಪ್ಲಾಸ್ಟಿಕ್, ಕೆಂಪು ಮಣ್ಣು ಎಲ್ಲ ಬಂದು ಅಲ್ಲೇ ಕಟ್ಟಿಕೊಳ್ಳುತ್ತಿತ್ತು. ಹೂಳು ತೆಗೆಯಲು ಬರುವ ಪೌರಕಾರ್ಮಿಕರು ಕೈ ಹಾಕಲು ಜಾಗವೇ ಇಲ್ಲದಿದ್ದರೆ ಏನು ಮಾಡಬೇಕು ಹೇಳಿ?

ಸ್ಲ್ಯಾಬಿನ ವಿಷಯಕ್ಕೆ ಅರ್ಜಿ ಬರೆಯಲಿಲ್ಲ. ಮನೆಮನೆಗೆ ಹೋಗಿ ಮಾತಾಡಿದೆ. ‘ಮಾರಾಯ್ರೇ, ಒಡೆಯುವುದು ಬೇಡ, ಎತ್ತುವ ಹಾಗೆ ತುಂಡು ತುಂಡು ಮಾಡಿ ಕೊಂಡಿ ಇಡಿಸುವ’ ಅಂದಾಗ ಹೆಚ್ಚಿನವರು ಒಪ್ಪಿದರು. ಒಬ್ಬ ಹಿರಿಯರು ಮಾತ್ರ ಒಪ್ಪಲು ತುಂಬಾ ದಿನ ತೆಗೆದುಕೊಂಡರು, ಕೊನೆಗೆ ಅವರೇ ಮೇಸ್ತ್ರಿಯನ್ನು ಕರೆಸಿ ಕೊಟ್ಟರು.

ಈಗ ನಾನು ನಿಜವಾಗಿ ಹೇಳಬೇಕೆಂದಿರುವ ವಿಷಯ. ನಗರಸಭೆಯ ವರ್ಷ ಏಪ್ರಿಲ್‌ನಿಂದ ಮಾರ್ಚ್, ಮಳೆಯ ವರ್ಷ ಜೂನ್‌ನಿಂದ. ನಾವು ಸಾಮಾನ್ಯವಾಗಿ ಅರ್ಜಿ ಹಿಡಿದು ಹೋಗುವುದು ಮೇ ತಿಂಗಳಲ್ಲಿ, ಮೋಡ ಕಂಡ ಮೇಲೆ. ಅಷ್ಟರಲ್ಲಿ ಬಜೆಟ್ ಮಂಡನೆ ಮುಗಿದಿರುತ್ತದೆ, ಕ್ರಿಯಾ ಯೋಜನೆ ತಯಾರಾಗಿರುತ್ತದೆ. ಹೂಳು ತೆಗೆಸುವುದು ಆ ಹೊತ್ತಿಗೂ ಆದೀತು, ಅದು ವರ್ಷವೂ ನಡೆಯುವ ಕೆಲಸ. ಆದರೆ ಚರಂಡಿ ಅಗಲ ಮಾಡುವುದು, ತಡೆಗೋಡೆ ಕಟ್ಟುವುದು, ಹೊಸ ಮೋರಿ ಹಾಕುವುದು ಇದೆಲ್ಲ ಅಂದಾಜು ಪಟ್ಟಿ, ಟೆಂಡರ್, ಕಾರ್ಯಾದೇಶ ಅಂತ ತಿಂಗಳುಗಟ್ಟಲೆ ಹಿಡಿಯುತ್ತದೆ. ನಡುವೆ ಚುನಾವಣೆ ಬಂದರೆ ಇನ್ನೂ ಕಷ್ಟ. 2023ರಲ್ಲಿ ವಿಧಾನಸಭೆ, 2024ರಲ್ಲಿ ಲೋಕಸಭೆ, ಎರಡು ಸಲವೂ ನೀತಿ ಸಂಹಿತೆ ಜಾರಿಯಾದದ್ದು ಮಾರ್ಚ್‌ನಲ್ಲಿ. ಹೊಸ ಕಾಮಗಾರಿ ಶುರು ಮಾಡುವ ಹಾಗಿಲ್ಲ, ಅದೇ ಹೊತ್ತಿಗೆ ಮಳೆ ಹತ್ತಿರ ಬರುತ್ತಿರುತ್ತದೆ.

ಹಾಗಾಗಿ ನಾವು ಬಜೆಟ್ ಪೂರ್ವಭಾವಿ ಸಭೆಗಿಂತ ಮೊದಲೇ, ಡಿಸೆಂಬರ್‌ನಲ್ಲಿ ಅರ್ಜಿ ಕೊಟ್ಟೆವು. ಮಳೆಗಾಲದ ಫೋಟೊ, ಒಂದು ಕೈನಕ್ಷೆ, ಎಲ್ಲರ ಸಹಿ. ಒಂದು ಪ್ರತಿ ವಾರ್ಡಿನ ಸದಸ್ಯರಿಗೆ, ಒಂದು ಪೌರಾಯುಕ್ತರಿಗೆ, ಮೂರನೆಯದರ ಮೇಲೆ ಟಪಾಲು ವಿಭಾಗದ ಸೀಲು ಹಾಕಿಸಿ ನಮ್ಮ ಹತ್ತಿರ ಇಟ್ಟುಕೊಂಡೆವು. ಎಂಜಿನಿಯರ್ ಜಾಗ ನೋಡಲು ಬಂದ ದಿನ ನಾವು ನಾಲ್ಕಾರು ಜನ ಜೊತೆಗೇ ನಡೆದೆವು, ಇದು ತುಂಬಾ ಉಪಕಾರವಾಯಿತು. ಚರಂಡಿ ಯಾರದು ಅಂತ ಮೊದಲೇ ತಿಳಿದುಕೊಳ್ಳಿ. ಮಣಿಪಾಲಕ್ಕೆ ಹೋಗುವ ರಸ್ತೆ ರಾಷ್ಟ್ರೀಯ ಹೆದ್ದಾರಿ 169ಎ, ಅದರ ಬದಿಯ ಚರಂಡಿಗೆ ಹೆದ್ದಾರಿಯವರನ್ನೇ ಕೇಳಬೇಕು, ನಗರಸಭೆಗೆ ಸುಮ್ನೆ ಓಡಾಡಿ ಪ್ರಯೋಜನ ಇಲ್ಲ. ಏಪ್ರಿಲ್‌ನಲ್ಲಿ ಶೇ. 5 ರಿಯಾಯಿತಿ ಸಿಗುತ್ತದೆ ಅಂತ ಮನೆ ತೆರಿಗೆ ಕಟ್ಟಲು ಹೋಗುತ್ತೇವಲ್ಲ, ಆಗ ಕಡತ ಎಲ್ಲಿಗೆ ಬಂತು ಅಂತ ಕೇಳಿಕೊಂಡೇ ಬರಬೇಕು. ಕೆಲಸ ಏನಿದ್ದರೂ ಮೇ 24-25ರ ಹೊತ್ತಿಗೆ ಬರುವ ತುಳುವರ ಪತ್ತನಾಜೆಯ ಒಳಗೆ ಮುಗಿಯಬೇಕು. ಅಲ್ಲಿಂದ ಮುಂದೆ ಮೇ ಕೊನೆಯ ಗುಡುಗು ಮಳೆ ಯಾವತ್ತು ಬರುತ್ತದೆ ಹೇಳಲಾಗುವುದಿಲ್ಲ.

ಬಾವಿಯ ಕಥೆ ಬೇರೆ. 1,000 ಚದರಡಿ ಮಾಡಿನ (ಮನೆಯ ಛಾವಣಿಯ) ಮೇಲೆ ನಮ್ಮೂರಲ್ಲಿ ವರ್ಷಕ್ಕೆ ಮೂರೂವರೆ ಲಕ್ಷ ಲೀಟರಿಗಿಂತ ಜಾಸ್ತಿ ನೀರು ಬೀಳುತ್ತದೆ. ನಾನು ಮಾಡಿನ ಅಂಚಿಗೆ ನೀರು ಹಿಡಿಯುವ ದಂಬೆ ಕಟ್ಟಿಸಿ, ಜಲ್ಲಿ, ಇದ್ದಿಲು, ಮರಳು ತುಂಬಿದ ಡ್ರಮ್ಮಿನ ಮೂಲಕ ಬಾವಿಗೆ ಬಿಟ್ಟೆ. ಜೂನ್‌ನ ಮೊದಲ ಮಳೆಗಳ ನೀರು ಹೊರಗೇ ಹೋಗಲಿ, ಮಾಡಿನ ಪಾಚಿ, ಕಸ ಎಲ್ಲ ಅದರಲ್ಲಿ ಇರುತ್ತದೆ. ಆದರೆ ನಮ್ಮದು ಮುರಕಲ್ಲಿನ (ಜಂಬಿಟ್ಟಿಗೆ) ನೆಲ, ತುಂಬಾ ತೂತು. ಜುಲೈಯಲ್ಲಿ ಬಾವಿಗೆ ಇಳಿಸಿದ ನೀರು ಇಳಿಜಾರಿನಲ್ಲಿ ಬಸಿದು ಕೆಳಗಿನ ಬೈಲು ಗದ್ದೆಗೆ ಹೋಗಿಬಿಡುತ್ತದೆ. ಬೇಸಿಗೆಗೆ ಸ್ವಲ್ಪವಾದರೂ ಉಳಿಯುವುದು ಸೆಪ್ಟೆಂಬರ್, ಅಕ್ಟೋಬರ್‌ನ ಮಳೆಯದ್ದು. ಹಾಗಾಗಿ ಮಳೆ ಕಡಿಮೆಯಾಯಿತು ಅಂತ ಪೈಪ್ ಬಿಚ್ಚಿಡಬೇಡಿ, ಆಗಲೇ ಡ್ರಮ್ ಇನ್ನೊಮ್ಮೆ ತೊಳೆದು ಇಡಿ. ಗುಡ್ಡದ ಮೇಲಿನವರು ಇಂಗಿಸಿದರೆ ಕೆಳಗಿನವರ ಬಾವಿಗೆ ನೀರು, ಮಳೆಗಾಲದಲ್ಲಿ ಚರಂಡಿಯ ಭಾರವೂ ಅಷ್ಟು ಕಡಿಮೆ. ಒಬ್ಬನೇ ಮಾಡಿದರೆ ಏನೂ ಸಾಲುವುದಿಲ್ಲ, ಇದನ್ನು ನಾನು ಎಲ್ಲರಿಗೂ ಹೇಳುತ್ತಾ ಬಂದಿದ್ದೇನೆ.

ಈ ಡಿಸೆಂಬರ್‌ನ ಅರ್ಜಿಗೆ ಮೇಲಿನ ಮನೆಗಳವರೂ ಸಹಿ ಹಾಕುತ್ತಿದ್ದಾರೆ. ರಸ್ತೆಯ ತುದಿಯಲ್ಲಿ ಖಾಲಿ ಬಿದ್ದಿರುವ ಸಾರ್ವಜನಿಕ ಜಾಗದಲ್ಲಿ ಒಂದು ಇಂಗುಗುಂಡಿ ಬೇಕು ಅಂತ ಅದರಲ್ಲಿ ಕೇಳುತ್ತಿದ್ದೇವೆ.